ಹಿತ್ತಲ ಗಿಡದ ಕಥೆ: ಆಟಗಾರ ಕಾರ್ಲ್ಟನ್ ಚಾಪ್ಮನ್, ಕೋಚ್ ಕಾರ್ಲ್ಟನ್ ಚಾಪ್ಮನ್

ನಮ್ಮ ಹಲವಾಗಲು, ಹರಪನಹಳ್ಳಿ, ಹಡಗಲಿ, ಕೊಟ್ಟೂರು ಕಡೆ ಆಟ ಅಂದರೆ ಮೊದಲು ನೆನಪಾಗುವುದು ಕಬಡ್ಡಿ. ಆಮೇಲೆ ವಾಲಿಬಾಲ್, ಖೋ ಖೋ. ಮೊಬೈಲ್ ಬಂದ ಮೇಲಂತೂ ಎಲ್ಲರ ಬಾಯಲ್ಲೂ ಕ್ರಿಕೆಟ್. ಫುಟ್‌ಬಾಲ್ ನಮಗೆ ನಾಲ್ಕು ವರ್ಷಕ್ಕೊಮ್ಮೆ ಬರುವ ಜಾತ್ರೆ. ವಿಶ್ವಕಪ್ ನಡೆಯುವಾಗ ಮೆಸ್ಸಿ, ರೊನಾಲ್ಡೊ ಫೋಟೊ ಸ್ಟೇಟಸ್‌ಗೆ ಹಾಕುತ್ತೇವೆ, ಮುಗಿದ ಮೇಲೆ ಮರೆಯುತ್ತೇವೆ.

ಹಾಗಾಗಿ ಕಾರ್ಲ್ಟನ್ ಚಾಪ್ಮನ್ ಯಾರು ಎಂದು ಊರ ಕಟ್ಟೆಯ ಮೇಲೆ ಕೂತವರನ್ನು ಕೇಳಿದರೆ ಹತ್ತರಲ್ಲಿ ಒಂಬತ್ತು ಮಂದಿ ಯಾವುದೋ ವಿದೇಶಿ ಆಟಗಾರ ಎಂದಾರು. ಅವರು ನಮ್ಮ ಕರ್ನಾಟಕದವರು. 1971ರ ಏಪ್ರಿಲ್ 13ರಂದು ಬೆಂಗಳೂರಿನಲ್ಲಿ ಹುಟ್ಟಿದವರು. ಭಾರತ ಫುಟ್‌ಬಾಲ್ ತಂಡದ ನಾಯಕರಾಗಿದ್ದವರು. ಕೊಲ್ಕತ್ತದ ಮೈದಾನದಲ್ಲಿ ಇರಾಕ್ ದೇಶದ ತಂಡದ ವಿರುದ್ಧ ಒಂದೇ ಪಂದ್ಯದಲ್ಲಿ ಮೂರು ಗೋಲು ಹೊಡೆದವರು. 2020ರ ಅಕ್ಟೋಬರ್ 12ರಂದು, 49ನೇ ವಯಸ್ಸಿನಲ್ಲಿ, ಬೆಂಗಳೂರಿನಲ್ಲೇ ಹೃದಯಾಘಾತದಿಂದ ತೀರಿಕೊಂಡರು.

ಅವರು ತೀರಿಕೊಂಡಾಗ ಪತ್ರಿಕೆಗಳು ಬರೆದದ್ದು ಹೆಚ್ಚಾಗಿ ಅವರ ಗೋಲು, ಅವರು ಗೆದ್ದ ಕಪ್ಪುಗಳ ಬಗ್ಗೆ. ಆದರೆ ಅವರು ಆಟ ಬಿಟ್ಟದ್ದು 2001ರಲ್ಲಿ. 2002ರಿಂದ ಕೊನೆಯವರೆಗೂ ಅವರ ಕೆಲಸ ಬೇರೆ: ಕೋಚ್. ಆಡಿದ್ದಕ್ಕಿಂತ ಹೆಚ್ಚು ಕಾಲ ಅವರು ಕಲಿಸಿದರು. ಆ ಕಲಿಕೆಯ ಕಥೆಯಲ್ಲಿ ನಮ್ಮ ಹಳ್ಳಿಗಳಿಗೂ ಒಂದು ಮಾತಿದೆ ಅನಿಸಿದ್ದರಿಂದ ಈ ಬರಹ.

ದಂಡಿನ ಊರಿನ ಆಟ

ಮೊದಲಿಗೆ ಒಂದು ಪ್ರಶ್ನೆ. ಬೆಂಗಳೂರಿನ ಕೆಲವು ಗಲ್ಲಿಗಳಲ್ಲಿ ಫುಟ್‌ಬಾಲ್ ಹುಚ್ಚು ಇಷ್ಟೊಂದು ಇದೆ, ನಮ್ಮ ಕಡೆ ಯಾಕಿಲ್ಲ?

ಉತ್ತರ ಇತಿಹಾಸದಲ್ಲಿದೆ. 1799ರಲ್ಲಿ ಟಿಪ್ಪು ಸುಲ್ತಾನ್ ಮಡಿದ ಮೇಲೆ ಬ್ರಿಟಿಷರು ಬೆಂಗಳೂರಿನ ಹಳೆಯ ಪೇಟೆಯ ಪಕ್ಕಕ್ಕೆ ಸೈನಿಕರಿಗಾಗಿ ಕಂಟೋನ್ಮೆಂಟ್ ಕಟ್ಟಿದರು. ಜನ ಅದನ್ನು ದಂಡು ಎಂದರು. ಸೈನ್ಯದ ಜೊತೆ ಬೂಟು ಬಂತು, ಬ್ಯಾಂಡು ಬಂತು, ಫುಟ್‌ಬಾಲೂ ಬಂತು. ಸಿಪಾಯಿಗಳು ಆಡುವುದನ್ನು ಬೇಲಿಯಾಚೆ ನಿಂತು ನೋಡಿದ ಹುಡುಗರು ಬರಿಗಾಲಲ್ಲಿ ಆಡಲು ಕಲಿತರು. ಆಸ್ಟಿನ್ ಟೌನ್, ಮರ್ಫಿ ಟೌನ್, ಹಲಸೂರು, ಶಿವಾಜಿನಗರದ ಮೈದಾನಗಳಲ್ಲಿ ಹೀಗೆ ಆಟ ಬೇರು ಬಿಟ್ಟಿತು. ಕೋಲಾರದ ಚಿನ್ನದ ಗಣಿಯ ಕಾರ್ಮಿಕರ ಕಾಲೊನಿಗಳಲ್ಲಿಯೂ ಹಾಗೆಯೇ ಬೆಳೆಯಿತು.

ನಮ್ಮ ಬಳ್ಳಾರಿಯೂ ಒಂದು ಕಾಲಕ್ಕೆ ದಂಡಿನ ಊರೇ. ಬಳ್ಳಾರಿ ಕಂಟೋನ್ಮೆಂಟ್ ಎಂಬ ಹೆಸರು ಇಂದಿಗೂ ರೈಲ್ವೆ ನಿಲ್ದಾಣದ ಬೋರ್ಡಿನಲ್ಲಿದೆ. ಆದರೆ ದಂಡು ಇದ್ದದ್ದು ಬಳ್ಳಾರಿ ನಗರದಲ್ಲಿ. ಹಳ್ಳಿಗೆ ಆ ಆಟ ನಡೆದು ಬರಲಿಲ್ಲ. ಕಬಡ್ಡಿಗೆ ಒಂದಿಷ್ಟು ಹದವಾದ ನೆಲ ಇದ್ದರೆ ಸಾಕು. ಫುಟ್‌ಬಾಲಿಗೆ ದೊಡ್ಡ ಬಯಲು ಬೇಕು, ಗಾಳಿ ತುಂಬಿದ ಚೆಂಡು ಬೇಕು, ಎಲ್ಲಕ್ಕಿಂತ ಹೆಚ್ಚಾಗಿ ಹೇಳಿಕೊಡುವವರು ಬೇಕು.

ದಂಡಿನ ಗಲ್ಲಿಗಳಿಂದ ಬಂದವರು ಸಣ್ಣವರಲ್ಲ. ಸ್ವತಂತ್ರ ಭಾರತ ಮೊದಲ ಬಾರಿ ಒಲಿಂಪಿಕ್ಸ್ ಫುಟ್‌ಬಾಲ್ ಆಡಿದ್ದು 1948ರಲ್ಲಿ, ಲಂಡನ್ನಿನಲ್ಲಿ. ಜುಲೈ 31ರಂದು ಫ್ರಾನ್ಸ್ ವಿರುದ್ಧ ನಮ್ಮವರು 1-2ರಿಂದ ಸೋತರು. ಹೆಚ್ಚಿನವರು ಬರಿಗಾಲಲ್ಲೇ ಆಡಿದ ಆ ಪಂದ್ಯದಲ್ಲಿ ಭಾರತದ ಒಂದೇ ಗೋಲು ಹೊಡೆದದ್ದು ಬೆಂಗಳೂರಿನ ಸಾರಂಗಪಾಣಿ ರಾಮನ್. ಒಲಿಂಪಿಕ್ಸ್‌ನಲ್ಲಿ ಭಾರತದ ಮೊದಲ ಫುಟ್‌ಬಾಲ್ ಗೋಲು ಅದು. ಅದೇ ತಂಡದಲ್ಲಿದ್ದ ಬೆಂಗಳೂರಿನ ಅಹ್ಮದ್ ಖಾನ್ ಮುಂದೆ ಕೊಲ್ಕತ್ತದ ಈಸ್ಟ್ ಬೆಂಗಾಲ್ ಕ್ಲಬ್ ಸೇರಿದರು. ಅಲ್ಲಿನ ಐವರು ಮುಂಚೂಣಿ ಆಟಗಾರರನ್ನು ಜನ ಪಂಚ ಪಾಂಡವರು ಎಂದು ಕರೆದರು, ಅವರಲ್ಲಿ ಅಹ್ಮದ್ ಒಬ್ಬರು. 1962ರ ಜಕಾರ್ತ ಏಷ್ಯನ್ ಗೇಮ್ಸ್‌ನಲ್ಲಿ ಚಿನ್ನ ಗೆದ್ದ ತಂಡದಲ್ಲಿ ಬೆಂಗಳೂರಿನ ಅರುಮೈನಾಯಗಂ ಇದ್ದರು.

ರಾಜ್ಯ ರಾಜ್ಯಗಳ ನಡುವಿನ ದೊಡ್ಡ ಟೂರ್ನಿ ಸಂತೋಷ್ ಟ್ರೋಫಿ. ಅದನ್ನು ಮೈಸೂರು ತಂಡ ನಾಲ್ಕು ಸಲ ಗೆದ್ದಿತು: 1946-47, 1952-53, 1967-68, 1968-69. ಮೊದಲ ಸಲ ಗೆದ್ದಾಗ ನಮ್ಮ ಹರಪನಹಳ್ಳಿ ಮೈಸೂರಿನಲ್ಲಿ ಇರಲೇ ಇಲ್ಲ. ನಾವು ಆಗ ಮದ್ರಾಸ್ ಪ್ರಾಂತ್ಯದ ಬಳ್ಳಾರಿ ಜಿಲ್ಲೆ. 1953ರ ಅಕ್ಟೋಬರ್ 1ರಂದು ಬಳ್ಳಾರಿ ಮೈಸೂರಿಗೆ ಸೇರಿತು. ಹೀಗೆ ಆ ಫುಟ್‌ಬಾಲ್ ಪರಂಪರೆ ನಮಗೆ ಅರ್ಧ ದಾರಿಯಲ್ಲಿ ಸಿಕ್ಕ ನೆಂಟಸ್ತಿಕೆ.

ಆಟಕ್ಕೆ ಇನ್ನೊಂದು ಆಸರೆಯೂ ಇತ್ತು. ಎಚ್‌ಎಎಲ್, ಐಟಿಐ ತರಹದ ಬೆಂಗಳೂರಿನ ಸರ್ಕಾರಿ ಕಾರ್ಖಾನೆಗಳು ಫುಟ್‌ಬಾಲ್ ತಂಡ ಕಟ್ಟಿ ಆಟಗಾರರಿಗೆ ಕೆಲಸ ಕೊಡುತ್ತಿದ್ದವು. ಚೆನ್ನಾಗಿ ಆಡಿದರೆ ಸಂಬಳದ ಕೆಲಸ. ಬಡವರ ಮನೆಯ ಹುಡುಗನನ್ನು ಅಪ್ಪ ಅಮ್ಮ ಮೈದಾನಕ್ಕೆ ಕಳಿಸಲು ಇದಕ್ಕಿಂತ ದೊಡ್ಡ ಕಾರಣ ಬೇಕಿರಲಿಲ್ಲ.

ಜಮ್ಶೆಡ್‌ಪುರದ ಶಾಲೆ

ಚಾಪ್ಮನ್ ಬೆಳೆದದ್ದು ಇದೇ ಗಾಳಿಯಲ್ಲಿ, ಆಸ್ಟಿನ್ ಟೌನ್ ಕಡೆ. 1980ರ ದಶಕದ ನಡುವೆ ಭಾರತೀಯ ಕ್ರೀಡಾ ಪ್ರಾಧಿಕಾರದ, ಅಂದರೆ ಸಾಯ್‌ನ, ಬೆಂಗಳೂರು ಕೇಂದ್ರಕ್ಕೆ ಆಯ್ಕೆಯಾದರು. ಆಮೇಲೆ ಸದರ್ನ್ ಬ್ಲೂಸ್ ಎಂಬ ಬೆಂಗಳೂರಿನ ಕ್ಲಬ್ಬಿಗೆ ಆಡಿದರು. 1990ರಲ್ಲಿ ಅವರ ಬದುಕಿನ ದಾರಿ ತಿರುಗಿತು. ಜಮ್ಶೆಡ್‌ಪುರದ ಟಾಟಾ ಫುಟ್‌ಬಾಲ್ ಅಕಾಡೆಮಿಯಲ್ಲಿ ಅವರಿಗೆ ಜಾಗ ಸಿಕ್ಕಿತು.

ಈ ಅಕಾಡೆಮಿ ಶುರುವಾದದ್ದು 1987ರಲ್ಲಿ. ದೇಶದ ಬೇರೆ ಬೇರೆ ಮೂಲೆಗಳಿಂದ ಹುಡುಗರನ್ನು ಆರಿಸಿ ತಂದು, ಅಲ್ಲೇ ಇರಿಸಿಕೊಂಡು ವರ್ಷಗಟ್ಟಲೆ ಫುಟ್‌ಬಾಲ್ ಕಲಿಸುವ ವಸತಿ ಶಾಲೆ ಎಂದು ತಿಳಿಯಿರಿ. ಗಲ್ಲಿಯಲ್ಲಿ ಕಲಿತ ಆಟಕ್ಕೂ ಅಕಾಡೆಮಿಯಲ್ಲಿ ಕಲಿತ ಆಟಕ್ಕೂ ವ್ಯತ್ಯಾಸ ಇದೆ. ಗಲ್ಲಿಯಲ್ಲಿ ಹುಡುಗ ಚೆಂಡನ್ನು ತನ್ನ ಹತ್ತಿರ ಇಟ್ಟುಕೊಳ್ಳುವುದನ್ನು ಕಲಿಯುತ್ತಾನೆ. ಅಕಾಡೆಮಿಯಲ್ಲಿ ಯಾವಾಗ ಬಿಟ್ಟುಕೊಡಬೇಕು ಎಂಬುದನ್ನು ಕಲಿಸುತ್ತಾರೆ. ಯಾವ ಹೊತ್ತಿಗೆ ಏನು ತಿನ್ನಬೇಕು, ಎಷ್ಟು ನಿದ್ದೆ ಬೇಕು, ಪೆಟ್ಟು ಬಿದ್ದಾಗ ಎಷ್ಟು ದಿನ ಸುಮ್ಮನಿರಬೇಕು, ಇವೂ ಪಾಠದ ಭಾಗವೇ.

1993ರವರೆಗೆ ಅವರು ಅಲ್ಲಿದ್ದರು. ಈ ಮೂರು ವರ್ಷ ನೆನಪಿಟ್ಟುಕೊಳ್ಳಿ, ಮುಂದೆ ಮತ್ತೆ ಬೇಕಾಗುತ್ತದೆ.

ಕೊಲ್ಕತ್ತದ ಆ ರಾತ್ರಿ

1993ರಲ್ಲಿ ಚಾಪ್ಮನ್ ಈಸ್ಟ್ ಬೆಂಗಾಲ್ ಸೇರಿದರು. ನಾಲ್ಕು ದಶಕದ ಹಿಂದೆ ಅಹ್ಮದ್ ಖಾನ್ ಹಿಡಿದ ದಾರಿಯೇ ಅದು. ಅಲ್ಲಿ ಈಸ್ಟ್ ಬೆಂಗಾಲ್ ಮತ್ತು ಮೋಹನ್ ಬಾಗಾನ್ ಪಂದ್ಯ ಎಂದರೆ ಲಕ್ಷ ಜನ ಸೇರುವ ಕಾಲ. ಮೈದಾನದಲ್ಲಿ ಒಂದು ತಪ್ಪು ಪಾಸ್ ಕೊಟ್ಟರೆ ಮಾರನೆಯ ದಿನ ಮೀನು ಮಾರುವವರೂ ಲೆಕ್ಕ ಕೇಳುವ ಊರು ಕೊಲ್ಕತ್ತ.

ಚಾಪ್ಮನ್ ಆಡುತ್ತಿದ್ದದ್ದು ಮಿಡ್‌ಫೀಲ್ಡ್‌ನಲ್ಲಿ, ಅಂದರೆ ಅಂಕಣದ ನಡುಭಾಗದಲ್ಲಿ. ಫುಟ್‌ಬಾಲ್ ಹೆಚ್ಚು ನೋಡದವರಿಗೆ ಹೀಗೆ ಹೇಳಬಹುದು. ಕಾಲುವೆ ನೀರು ಗದ್ದೆಗೆ ಬಂದಾಗ ಸನಿಕೆ ಹಿಡಿದು ನಿಂತವನು ಯಾವ ಮಡಿಗೆ ಎಷ್ಟು ನೀರು ಹೋಗಬೇಕು ಎಂದು ನೋಡಿ ಬದು ಕಡಿಯುತ್ತಾನೆ, ಮತ್ತೆ ಮುಚ್ಚುತ್ತಾನೆ. ಫಸಲು ಬಂದಾಗ ಅವನನ್ನು ಯಾರೂ ಹೊಗಳುವುದಿಲ್ಲ, ನೀರು ಕೆಟ್ಟರೆ ಮಾತ್ರ ಬೈಯುತ್ತಾರೆ. ಮಿಡ್‌ಫೀಲ್ಡರ್ ಕೆಲಸ ಅದೇ. ಹಿಂದಿನವರಿಂದ ಚೆಂಡು ಪಡೆದು ಮುಂದಿನವರಿಗೆ ಸರಿಯಾದ ಹೊತ್ತಿಗೆ, ಸರಿಯಾದ ಜಾಗಕ್ಕೆ ತಲುಪಿಸುವುದು. ಗೋಲು ಹೊಡೆಯುವುದು ಸಾಮಾನ್ಯವಾಗಿ ಅವರ ಪಾಲಿನದಲ್ಲ.

ಅಂಥ ಆಟಗಾರ ಒಂದು ದಿನ ತಾನೇ ಗೋಲು ಹೊಡೆಯಲು ನಿಂತರೆ ಏನಾಗುತ್ತದೆ ಎಂಬುದು 1993ರಲ್ಲಿ ಕಂಡಿತು. ಏಷ್ಯನ್ ಕಪ್ ವಿನ್ನರ್ಸ್ ಕಪ್ ಎಂಬ ಟೂರ್ನಿಯ ಮೊದಲ ಸುತ್ತಿನಲ್ಲಿ ಈಸ್ಟ್ ಬೆಂಗಾಲ್ ಎದುರು ಬಂದದ್ದು ಇರಾಕಿನ ಅಲ್ ಜವ್ರಾ, ಬಾಗ್ದಾದಿನ ಹೆಸರಾಂತ ಕ್ಲಬ್. ಈಸ್ಟ್ ಬೆಂಗಾಲ್ 6-2ರಿಂದ ಗೆದ್ದಿತು. ಆರರಲ್ಲಿ ಮೂರು ಗೋಲು 22 ವರ್ಷದ ಚಾಪ್ಮನ್ ಅವರದ್ದು. ಪಶ್ಚಿಮ ಏಷ್ಯಾದ ತಂಡವೊಂದಕ್ಕೆ ಭಾರತದ ಕ್ಲಬ್ ಆರು ಗೋಲು ಹಾಕುವುದನ್ನು ಕೊಲ್ಕತ್ತದ ಜನ ಇಂದಿಗೂ ಮಾತಾಡುತ್ತಾರೆ.

ಗಿರಣಿ ತಂಡದ ಮೂವರು

1995ರಲ್ಲಿ ಅವರು ಪಂಜಾಬಿಗೆ ಹೋದರು. ಫಗ್ವಾರಾ ಊರಿನ ಜೆಸಿಟಿ ತಂಡ. ಜೆಸಿಟಿ ಎಂದರೆ ಜಗತ್‌ಜಿತ್ ಹತ್ತಿ ಮತ್ತು ಜವಳಿ ಗಿರಣಿ. ನಮ್ಮ ದಾವಣಗೆರೆಯ ಹತ್ತಿ ಗಿರಣಿಗಳನ್ನು ಕಂಡವರಿಗೆ, ಅಲ್ಲಿ ದುಡಿದ ಹಿರಿಯರ ಬಾಯಲ್ಲಿ ಕೇಳಿದವರಿಗೆ ಇದು ಸುಲಭವಾಗಿ ಅರ್ಥವಾಗುತ್ತದೆ. ಗಿರಣಿಯ ಹೆಸರಲ್ಲಿ ತಂಡ, ಗಿರಣಿಯ ಸಂಬಳದಲ್ಲಿ ಆಟಗಾರ.

ಅಲ್ಲಿ ಮೂವರು ಜೊತೆಯಾದರು. ಒಬ್ಬರು ಕೇರಳದ ತ್ರಿಶೂರಿನ ಐ.ಎಂ. ವಿಜಯನ್. ಹುಡುಗನಾಗಿದ್ದಾಗ ಮೈದಾನದ ಹೊರಗೆ ಸೋಡಾ ಮಾರಿದವರು. ಇನ್ನೊಬ್ಬರು ಸಿಕ್ಕಿಂನ ತಿಂಕಿತಾಂ ಎಂಬ ಸಣ್ಣ ಹಳ್ಳಿಯ ಬೈಚುಂಗ್ ಭುಟಿಯಾ. ಮೂರನೆಯವರು ಬೆಂಗಳೂರಿನ ಚಾಪ್ಮನ್. ಮೂವರ ಮನೆಭಾಷೆ ಬೇರೆ, ಊಟ ಬೇರೆ. ಮುಂದೆ ವಿಜಯನ್, ಭುಟಿಯಾ ಗೋಲು ಹೊಡೆದರು, ನಡುವಿನಿಂದ ಚಾಪ್ಮನ್ ಚೆಂಡು ಕೊಟ್ಟರು. 1995ರಿಂದ 1997ರ ನಡುವೆ ಜೆಸಿಟಿ 14 ಟೂರ್ನಿ ಗೆದ್ದಿತು.

ಅವುಗಳಲ್ಲಿ ದೊಡ್ಡದು 1996-97ರ ರಾಷ್ಟ್ರೀಯ ಫುಟ್‌ಬಾಲ್ ಲೀಗ್. ಇಡೀ ದೇಶದ ಕ್ಲಬ್ಬುಗಳು ಒಂದೇ ಲೀಗಿನಲ್ಲಿ ಆಡಿದ್ದು ಅದೇ ಮೊದಲು. ಮೊದಲ ಚಾಂಪಿಯನ್ ಜೆಸಿಟಿ. ಭುಟಿಯಾ 14 ಗೋಲು ಹೊಡೆದು ಎಲ್ಲರಿಗಿಂತ ಮುಂದಿದ್ದರು.

ಇಲ್ಲಿ ಒಂದು ವಿಷಯ ಗಮನಿಸಬೇಕು. ಆ ಜೆಸಿಟಿಯ ಕೋಚ್ ಸುಖ್ವಿಂದರ್ ಸಿಂಗ್, ತಾವೂ ಒಂದು ಕಾಲಕ್ಕೆ ಆಟಗಾರರೇ. ಆ ದಿನಗಳಲ್ಲಿ ದೇಶದ ದೊಡ್ಡ ಕ್ಲಬ್ಬುಗಳ ಬೆಂಚಿನ ಮೇಲೆ ಹೆಚ್ಚಾಗಿ ಕೂತಿರುತ್ತಿದ್ದವರು ಭಾರತದ ಹಳೆಯ ಆಟಗಾರರು: ಪಿ.ಕೆ. ಬ್ಯಾನರ್ಜಿ, ಸೈಯದ್ ನಯೀಮುದ್ದೀನ್, ಟಿ.ಕೆ. ಚಾತುಣ್ಣಿ ಅಂಥವರು. ಆಡಿದವನು ನಾಳೆ ಕಲಿಸುತ್ತಾನೆ, ಕಲಿತವನು ನಾಳಿದ್ದು ಕಲಿಸುತ್ತಾನೆ ಎಂಬ ನಂಬಿಕೆ ಆಗ ಇತ್ತು.

ನಾಯಕ

1997ರಲ್ಲಿ ಕಠ್ಮಂಡುವಿನಲ್ಲಿ ನಡೆದ ಸ್ಯಾಫ್ ಟೂರ್ನಿಯಲ್ಲಿ ಭಾರತ ತಂಡಕ್ಕೆ ಚಾಪ್ಮನ್ ನಾಯಕರು. ನೆರೆಹೊರೆಯ ದೇಶಗಳ ಈ ಟೂರ್ನಿಯ ಫೈನಲ್‌ನಲ್ಲಿ ಮಾಲ್ಡೀವ್ಸ್ ತಂಡವನ್ನು 5-1ರಿಂದ ಸೋಲಿಸಿ ಭಾರತ ಕಪ್ ಎತ್ತಿತು.

ಅದೇ ವರ್ಷ ಕೇರಳದಲ್ಲಿ ಎಫ್‌ಸಿ ಕೊಚ್ಚಿನ್ ಎಂಬ ಹೊಸ ಕ್ಲಬ್ ಹುಟ್ಟಿತು. ಯಾವ ಕಾರ್ಖಾನೆಯ ಹಂಗೂ ಇಲ್ಲದೆ ಪೂರ್ತಿ ವೃತ್ತಿಪರವಾಗಿ ನಡೆಯಲು ಹೊರಟ ಕ್ಲಬ್ ಅದು. ಚಾಪ್ಮನ್ ಅಲ್ಲಿ ಒಂದು ಸೀಸನ್ ಆಡಿ 1998ರಲ್ಲಿ ಈಸ್ಟ್ ಬೆಂಗಾಲಿಗೆ ಮರಳಿದರು. 2000-01ರಲ್ಲಿ ಈಸ್ಟ್ ಬೆಂಗಾಲ್ ರಾಷ್ಟ್ರೀಯ ಲೀಗ್ ಗೆದ್ದಾಗ ನಾಯಕ ಅವರೇ. ಸಂತೋಷ್ ಟ್ರೋಫಿಯಲ್ಲಿ ಕರ್ನಾಟಕ, ಪಂಜಾಬ್, ಬಂಗಾಳ, ಮೂರೂ ರಾಜ್ಯಗಳಿಗೆ ಆಡಿದ್ದರು. ಲೀಗ್ ಗೆದ್ದ ವರ್ಷವೇ, ಮೂವತ್ತು ತುಂಬಿದ ಹೊತ್ತಿಗೆ, ವೃತ್ತಿ ಆಟಕ್ಕೆ ವಿದಾಯ ಹೇಳಿದರು.

ಇಲ್ಲಿಯವರೆಗಿನದು ಎಲ್ಲರೂ ಬರೆಯುವ ಕಥೆ.

ಎರಡನೆಯ ಬದುಕು

2002ರಲ್ಲಿ ಚಾಪ್ಮನ್ ಕೋಚ್ ಆದರು. ಮೊದಲ ಜಾಗ ಯಾವುದು ಗೊತ್ತೇ? ಜಮ್ಶೆಡ್‌ಪುರದ ಟಾಟಾ ಅಕಾಡೆಮಿ. ತಾನು ಮೂರು ವರ್ಷ ಕಲಿತ ಅದೇ ಶಾಲೆಗೆ ಹಳೆಯ ವಿದ್ಯಾರ್ಥಿ ಮೇಷ್ಟ್ರಾಗಿ ಬಂದರು.

ಆಮೇಲೆ ಅವರು ಹೋದದ್ದು ಮೇಘಾಲಯದ ಶಿಲ್ಲಾಂಗಿಗೆ. ರಾಯಲ್ ವಾಹಿಂಗ್ಡೋ ಎಂಬ ಕ್ಲಬ್. ಚಾಪ್ಮನ್ ಕೆಲವು ವರ್ಷ ಅಲ್ಲಿ ನಿಂತರು. ಅವರ ಕಾಲದಲ್ಲಿ ಕ್ಲಬ್ ಮೂರು ಸಲ ಶಿಲ್ಲಾಂಗ್ ಪ್ರೀಮಿಯರ್ ಲೀಗ್ ಗೆದ್ದಿತು, 2011ರಲ್ಲಿ ಗುವಾಹಟಿಯ ಹಳೆಯ ಟೂರ್ನಿ ಬೊರ್ಡೊಲೊಯ್ ಟ್ರೋಫಿ ಗೆದ್ದಿತು. ಅವರು ಬಿಟ್ಟ ಮೇಲೆ, ಬೇರೆ ಕೋಚ್ ಕೈಯಲ್ಲಿ, ಇದೇ ಕ್ಲಬ್ ದೇಶದ ಮೊದಲ ದರ್ಜೆಯ ಐ-ಲೀಗ್‌ಗೆ ಏರಿತು. 2014-15ರಲ್ಲಿ, ಏರಿದ ಮೊದಲ ವರ್ಷವೇ ಮೂರನೇ ಸ್ಥಾನ ಪಡೆಯಿತು. ಅದರ ಶ್ರೇಯ ಆ ವರ್ಷದ ಕೋಚ್ ಮತ್ತು ಆಟಗಾರರಿಗೆ ಸೇರಬೇಕು. ಆದರೆ ಶಿಲ್ಲಾಂಗಿನ ಲೀಗಿನಿಂದ ಅಲ್ಲಿಗೆ ತಲುಪುವ ಮೆಟ್ಟಿಲುಗಳಲ್ಲಿ ಕೆಲವನ್ನು ಕಟ್ಟಿದವರಲ್ಲಿ ಚಾಪ್ಮನ್ ಒಬ್ಬರು ಎಂದರೆ ತಪ್ಪಾಗಲಾರದು.

ಶಿಲ್ಲಾಂಗ್ ಬಿಟ್ಟ ಮೇಲೆ ಕೊಲ್ಕತ್ತದ ಭವಾನಿಪುರ್ ಕ್ಲಬ್, ಬೆಂಗಳೂರಿನ ಸ್ಟೂಡೆಂಟ್ಸ್ ಯೂನಿಯನ್, ದೆಹಲಿಯ ಸುದೇವ, ಹೀಗೆ ಸಾಗಿತು ಅವರ ಪಯಣ. 2017ರ ಡಿಸೆಂಬರ್‌ನಲ್ಲಿ ಕೇರಳದ ಕೋಯಿಕ್ಕೋಡಿನ ಕ್ವಾರ್ಟ್ಜ್ ಅಕಾಡೆಮಿಗೆ ತಾಂತ್ರಿಕ ನಿರ್ದೇಶಕರಾದರು.

ಈ ಹೆಸರುಗಳನ್ನು ಇನ್ನೊಮ್ಮೆ ಓದಿ. ಜಾರ್ಖಂಡ್, ಮೇಘಾಲಯ, ಬಂಗಾಳ, ಕರ್ನಾಟಕ, ದೆಹಲಿ, ಕೇರಳ. ದೇಶದ ನಾಲ್ಕೂ ದಿಕ್ಕು. ಆದರೆ ಎಲ್ಲವೂ ಎರಡನೇ ದರ್ಜೆಯ ಕ್ಲಬ್, ಸ್ಥಳೀಯ ಲೀಗ್, ಇಲ್ಲವೇ ಮಕ್ಕಳ ಅಕಾಡೆಮಿ. ಟಿವಿ ಕ್ಯಾಮೆರಾ ಅಪರೂಪಕ್ಕೆ ಬರುವ ಜಾಗಗಳು. ಭಾರತದ ನಾಯಕನಾಗಿ ಕಪ್ ಎತ್ತಿದವರು ಹದಿನೆಂಟು ವರ್ಷ ಇಂಥ ಮೈದಾನಗಳಲ್ಲಿ ಸೀಟಿ ಊದುತ್ತಾ ಹುಡುಗರ ಕಾಲು ತಿದ್ದಿದರು.

ಎರಡನೇ ದರ್ಜೆಯ ಕೋಚ್ ಕೆಲಸ ಏನು ಎಂದು ನಮಗೆ ಹೊರಗಿನಿಂದ ಅಂದಾಜಾಗುವುದಿಲ್ಲ. ದೊಡ್ಡ ಕ್ಲಬ್ಬಿನಲ್ಲಿ ಒಬ್ಬರು ಗೋಲ್‌ಕೀಪರಿಗೆ ಕಲಿಸುತ್ತಾರೆ, ಒಬ್ಬರು ಮೈ ಹದ ನೋಡುತ್ತಾರೆ, ಒಬ್ಬರು ವಿಡಿಯೊ ನೋಡಿ ಲೆಕ್ಕ ಹೇಳುತ್ತಾರೆ. ಸಣ್ಣ ಕ್ಲಬ್ಬಿನಲ್ಲಿ ಇವರೆಲ್ಲರ ಕೆಲಸ ಒಬ್ಬರ ಹೆಗಲ ಮೇಲೆ. ಒಳ್ಳೆಯ ಆಟಗಾರ ತಯಾರಾದ ಕೂಡಲೇ ದೊಡ್ಡ ಕ್ಲಬ್ ಎತ್ತಿಕೊಂಡು ಹೋಗುತ್ತದೆ. ಮತ್ತೆ ಮೊದಲಿಂದ ಶುರು. ಸಸಿ ಬೆಳೆಸಿ ಬೇರೆಯವರ ಹೊಲಕ್ಕೆ ಕೊಡುವ ನರ್ಸರಿಯವನ ಬದುಕು ಅದು.

ಎರಡು ಲೀಗು, ಎರಡು ಬೆಂಚು

ಈಗ ನಮ್ಮನ್ನು ಹೆಚ್ಚು ಕಾಡಿದ ವಿಷಯಕ್ಕೆ ಬರೋಣ.

ಚಾಪ್ಮನ್ ಕೋಚ್ ಆದ 2002ರಲ್ಲೇ ಭಾರತ ತಂಡಕ್ಕೆ ಇಂಗ್ಲೆಂಡಿನ ಸ್ಟೀಫನ್ ಕಾನ್‌ಸ್ಟಂಟೈನ್ ಕೋಚ್ ಆಗಿ ಬಂದರು. 2006ರಲ್ಲಿ ಬಾಬ್ ಹೌಟನ್ ಬಂದರು. ಅವರೂ ಇಂಗ್ಲೆಂಡಿನವರೇ. ಕ್ರಮೇಣ ಕ್ಲಬ್ಬುಗಳೂ ಇದೇ ದಾರಿ ಹಿಡಿದವು. 2013ರಲ್ಲಿ ಹುಟ್ಟಿದ ಬೆಂಗಳೂರು ಎಫ್‌ಸಿ ಇಂಗ್ಲೆಂಡಿನ ಆಶ್ಲಿ ವೆಸ್ಟ್‌ವುಡ್ ಅವರನ್ನು ಕರೆಸಿತು. ಮೊದಲ ಸೀಸನ್ನಿನಲ್ಲೇ ಐ-ಲೀಗ್ ಗೆದ್ದಿತು. ಹೊರಗಿನವರು ಬಂದದ್ದರಿಂದ ಒಳ್ಳೆಯದೂ ಆಯಿತು. ಊಟ, ವ್ಯಾಯಾಮ, ಶಿಸ್ತಿನಲ್ಲಿ ಹೊಸ ಪದ್ಧತಿಗಳು ಬಂದವು. ಇದನ್ನು ಒಪ್ಪಲೇಬೇಕು.

2014ರಲ್ಲಿ ಇಂಡಿಯನ್ ಸೂಪರ್ ಲೀಗ್ ಶುರುವಾಯಿತು. ಐಎಸ್‌ಎಲ್ ಎಂದು ನೀವು ಟಿವಿಯಲ್ಲಿ ನೋಡಿರುವುದು ಅದೇ. ಆ ವರ್ಷದಿಂದ ಚಾಪ್ಮನ್ ತೀರಿಕೊಂಡ 2020ರವರೆಗೆ ಅಲ್ಲಿನ ಯಾವ ಕ್ಲಬ್ಬೂ ಭಾರತೀಯರೊಬ್ಬರನ್ನು ಕಾಯಂ ಮುಖ್ಯ ಕೋಚ್ ಮಾಡಲಿಲ್ಲ. ವಿದೇಶಿ ಕೋಚ್ ನಡುವೆ ಬಿಟ್ಟು ಹೋದಾಗ ಉಳಿದ ಪಂದ್ಯಗಳಿಗೆ ಭಾರತೀಯರನ್ನು ನಿಲ್ಲಿಸಿದ್ದುಂಟು. ಮೊದಲ ಕಾಯಂ ಭಾರತೀಯ ಮುಖ್ಯ ಕೋಚ್ ಆದವರು ಖಾಲಿದ್ ಜಮೀಲ್, 2021ರಲ್ಲಿ, ನಾರ್ತ್‌ಈಸ್ಟ್ ಯುನೈಟೆಡ್ ಕ್ಲಬ್ಬಿಗೆ. ಅವರೂ ಭಾರತಕ್ಕೆ ಆಡಿದವರು. ಮಿಜೋರಾಂನ ಸಣ್ಣ ಕ್ಲಬ್ ಐಜಾಲ್ ಎಫ್‌ಸಿಯನ್ನು 2016-17ರಲ್ಲಿ ದೇಶದ ಚಾಂಪಿಯನ್ ಮಾಡಿ ತೋರಿಸಿದ್ದರು. ಅಷ್ಟಾದ ಮೇಲೂ ಆ ಕುರ್ಚಿಗೆ ಬರಲು ನಾಲ್ಕು ವರ್ಷ ಬೇಕಾಯಿತು.

ಅದೇ 2014ರಲ್ಲಿ ಇನ್ನೊಂದು ಲೀಗ್ ಶುರುವಾಯಿತು. ಅದು ನಿಮಗೆಲ್ಲ ಗೊತ್ತು: ಪ್ರೊ ಕಬಡ್ಡಿ. ಅಲ್ಲಿನ ಬೆಂಚು ನೋಡಿ. ಕೋಚ್‌ಗಳಲ್ಲಿ ಹೆಚ್ಚಿನವರು ಭಾರತದ ಹಳೆಯ ಆಟಗಾರರು. ನಮ್ಮ ಕರ್ನಾಟಕದ ಬಿ.ಸಿ. ರಮೇಶ್ ಅವರನ್ನೇ ತೆಗೆದುಕೊಳ್ಳಿ. ಭಾರತಕ್ಕೆ ಆಡಿ ಅರ್ಜುನ ಪ್ರಶಸ್ತಿ ಪಡೆದವರು, ಆಮೇಲೆ ಕೋಚ್ ಆದರು. 2019ರಲ್ಲಿ ಬೆಂಗಾಲ್ ವಾರಿಯರ್ಸ್ ಕಪ್ ಗೆದ್ದಾಗ, ಹತ್ತನೇ ಸೀಸನ್ನಿನಲ್ಲಿ ಪುಣೇರಿ ಪಲ್ಟನ್ ಗೆದ್ದಾಗ, ಎರಡೂ ಸಲ ಮುಖ್ಯ ಕೋಚ್ ಅವರೇ. ಕಬಡ್ಡಿಯಲ್ಲಿ ಆಡಿದವನಿಗೆ ಮುಂದಿನ ಮೆಟ್ಟಿಲು ಕಣ್ಣಿಗೆ ಕಾಣುತ್ತದೆ.

ಎರಡೂ ಆಟ ಒಂದೇ ತಕ್ಕಡಿಯಲ್ಲಿ ತೂಗುವಂಥದ್ದಲ್ಲ ಎಂದು ನೀವು ಹೇಳಬಹುದು. ಸರಿ. ಕಬಡ್ಡಿಯಲ್ಲಿ ನಾವೇ ಗುರುಗಳು, ಫುಟ್‌ಬಾಲಿನಲ್ಲಿ ನಾವಿನ್ನೂ ಕಲಿಯುವವರು. ಹಾಗಾದರೆ ಕಲಿತು ಮುಂದೆ ಹೋದ ಸಣ್ಣ ದೇಶವೊಂದನ್ನು ನೋಡೋಣ.

ಸ್ವಿಟ್ಜರ್ಲೆಂಡ್ ಮಾಡಿದ್ದು

ಸ್ವಿಟ್ಜರ್ಲೆಂಡಿನ ಜನಸಂಖ್ಯೆ ಒಂದು ಕೋಟಿಯೂ ಇಲ್ಲ. ಅಲ್ಲಿ ಕೋಬಿ ಕುನ್ ಎಂಬ ಆಟಗಾರರಿದ್ದರು. 1943ರಲ್ಲಿ ಹುಟ್ಟಿದವರು, ಚಾಪ್ಮನ್ ಥರವೇ ಮಿಡ್‌ಫೀಲ್ಡರ್. ಜೂರಿಕ್ ನಗರದ ಕ್ಲಬ್ಬಿಗೆ 1977ರವರೆಗೆ ಆಡಿದರು, ದೇಶಕ್ಕೆ 63 ಪಂದ್ಯ ಆಡಿದರು, 1962 ಮತ್ತು 1966ರ ವಿಶ್ವಕಪ್ ತಂಡಗಳಲ್ಲಿದ್ದರು.

ಆಟ ಬಿಟ್ಟು ಎಷ್ಟೋ ವರ್ಷಗಳ ಮೇಲೆ, 1990ರ ದಶಕದಲ್ಲಿ, ಅಲ್ಲಿನ ಫುಟ್‌ಬಾಲ್ ಸಂಸ್ಥೆ ಅವರ ಕೈಗೆ ಮೊದಲು ಕಿರಿಯರ ತಂಡ ಕೊಟ್ಟಿತು. ಆಮೇಲೆ 21 ವರ್ಷದೊಳಗಿನವರ ತಂಡ. 2001ರಲ್ಲಿ ದೇಶದ ಮುಖ್ಯ ತಂಡವನ್ನೇ ವಹಿಸಿತು. ಕುನ್ 2008ರವರೆಗೆ ಕೋಚ್ ಆಗಿದ್ದರು. 2006ರ ವಿಶ್ವಕಪ್‌ನಲ್ಲಿ ಅವರ ತಂಡ ಫ್ರಾನ್ಸ್ ಜೊತೆ ಗೋಲಿಲ್ಲದೆ ಡ್ರಾ ಮಾಡಿತು, ಟೋಗೊ ಮತ್ತು ದಕ್ಷಿಣ ಕೊರಿಯಾ ತಂಡಗಳನ್ನು 2-0ರಿಂದ ಸೋಲಿಸಿತು. ಉಕ್ರೇನ್ ವಿರುದ್ಧ ಪೆನಾಲ್ಟಿ ಒದೆತದಲ್ಲಿ ಸೋತು ಹೊರಬಿತ್ತು. ಆಡುವ ಸಮಯದಲ್ಲಿ ಒಂದೂ ಗೋಲು ಬಿಟ್ಟುಕೊಡದೆ ವಿಶ್ವಕಪ್‌ನಿಂದ ಹೊರಬಂದ ತಂಡ ಅದು.

ಇಲ್ಲಿ ಪವಾಡ ಏನೂ ಇಲ್ಲ. ಹಳೆಯ ಆಟಗಾರನಿಗೆ ಮೆಟ್ಟಿಲು ಹಾಕಿ ಕೊಟ್ಟರು. ಕಿರಿಯರಿಂದ ಹಿರಿಯರವರೆಗೆ ಅವರು ಒಂದೊಂದೇ ಹತ್ತಿದರು. ಚಾಪ್ಮನ್ ಹತ್ತಿದ್ದು ಬೇರೆ ಬೇರೆ ಊರಿನ ಬೇರೆ ಬೇರೆ ಮನೆಗಳ ಮೊದಲ ಮೆಟ್ಟಿಲನ್ನು. ಎರಡನೇ ಮೆಟ್ಟಿಲಿಗೆ ಹೋಗುವ ದಾರಿ ಅವರ ಕಾಲದಲ್ಲಿ ಸವೆದು ಹೋಗಿತ್ತು.

ಚಾಪ್ಮನ್ ದೊಡ್ಡ ಕ್ಲಬ್ ಸಿಕ್ಕಿದ್ದರೆ ಗೆಲ್ಲಿಸುತ್ತಿದ್ದರೇ? ಅದನ್ನು ಯಾರೂ ಹೇಳಲಾರರು. ಒಳ್ಳೆಯ ಆಟಗಾರರೆಲ್ಲ ಒಳ್ಳೆಯ ಕೋಚ್ ಆಗುವುದಿಲ್ಲ. ಆದರೆ ಆಗಬಲ್ಲರೋ ಇಲ್ಲವೋ ಎಂದು ತಿಳಿಯಲಾದರೂ ಒಂದು ಅವಕಾಶ ಬೇಕಲ್ಲ? ಹಿತ್ತಲ ಗಿಡ ಮದ್ದಲ್ಲ ಎಂಬ ಗಾದೆ ನಮ್ಮಲ್ಲಿದೆ. ಗಿಡಕ್ಕೆ ಗುಣವಿಲ್ಲ ಎಂದು ಆ ಗಾದೆ ಹೇಳುವುದಿಲ್ಲ, ನಮ್ಮ ಕಣ್ಣಿನ ರೋಗದ ಬಗ್ಗೆ ಹೇಳುತ್ತದೆ.

ಅವರ ನಂತರ

ಚಾಪ್ಮನ್ ಹೋದ ಮೇಲೆ ಎರಡು ಸಂಗತಿ ನಡೆದವು.

ಒಂದು, 2023ರ ಮಾರ್ಚ್ 4ರಂದು ಸೌದಿ ಅರೇಬಿಯಾದ ರಿಯಾದ್ ನಗರದಲ್ಲಿ ನಡೆದ ಸಂತೋಷ್ ಟ್ರೋಫಿ ಫೈನಲ್‌ನಲ್ಲಿ ಕರ್ನಾಟಕ ಮೇಘಾಲಯವನ್ನು 3-2ರಿಂದ ಸೋಲಿಸಿತು. 54 ವರ್ಷಗಳ ಬಳಿಕ ಆ ಕಪ್ ನಮ್ಮ ರಾಜ್ಯಕ್ಕೆ ಬಂತು. ಹಿಂದೆಲ್ಲ ಮೈಸೂರು ಹೆಸರಲ್ಲಿ ಗೆದ್ದಿದ್ದರಿಂದ, ಕರ್ನಾಟಕ ಎಂಬ ಹೆಸರಲ್ಲಿ ಗೆದ್ದದ್ದು ಇದೇ ಮೊದಲು. ತಂಡವನ್ನು ತಯಾರು ಮಾಡಿದ ಕೋಚ್ ರವಿ ಬಾಬು ರಾಜು. ಎದುರಾಳಿ ಮೇಘಾಲಯ, ಚಾಪ್ಮನ್ ವರ್ಷಗಟ್ಟಲೆ ಫುಟ್‌ಬಾಲ್ ಕಲಿಸಿದ ರಾಜ್ಯ. ಬದುಕಿದ್ದಿದ್ದರೆ ಆ ಸಂಜೆ ಅವರು ಯಾರ ಕಡೆ ಕೂಗುತ್ತಿದ್ದರೋ!

ಎರಡು, 2025ರ ಆಗಸ್ಟ್‌ನಲ್ಲಿ ಭಾರತ ತಂಡಕ್ಕೆ ಖಾಲಿದ್ ಜಮೀಲ್ ಮುಖ್ಯ ಕೋಚ್ ಆದರು. ಹತ್ತು ವರ್ಷಕ್ಕೂ ಹೆಚ್ಚು ಕಾಲದ ಮೇಲೆ ಆ ಕುರ್ಚಿಯಲ್ಲಿ ಒಬ್ಬ ಭಾರತೀಯ ಕೂತರು. ದಾರಿ ಮತ್ತೆ ತೆರೆಯುತ್ತಿದೆಯೇ ಎಂದು ಕಾದು ನೋಡಬೇಕು.

ನಮ್ಮ ಮೈದಾನಗಳಿಗೆ ಇದರಿಂದ ಏನು?

ಫುಟ್‌ಬಾಲ್ ಆಡದ ನಮಗೆ ಈ ಕಥೆ ಯಾಕೆ ಎಂದು ಕೇಳುವವರಿದ್ದಾರೆ. ಇದು ಫುಟ್‌ಬಾಲಿಗಿಂತ ಹೆಚ್ಚಾಗಿ ಕಲಿಸುವವರ ಕಥೆ ಎಂಬುದೇ ಉತ್ತರ.

ನಮ್ಮ ಹೋಬಳಿ ಮಟ್ಟದ, ತಾಲ್ಲೂಕು ಮಟ್ಟದ ಕ್ರೀಡಾಕೂಟದ ಸುದ್ದಿ ಓದಿ ನೋಡಿ. ಗೆದ್ದ ಮಕ್ಕಳ ಹೆಸರಿರುತ್ತದೆ. ವೇದಿಕೆಯ ಮೇಲಿದ್ದ ಗಣ್ಯರ ಹೆಸರು ಸಾಲಾಗಿ ಇರುತ್ತದೆ. ಬೆಳಗಿನ ಆರು ಗಂಟೆಗೆ ಸೀಟಿ ಊದಿ ಆ ಮಕ್ಕಳನ್ನು ಓಡಿಸಿದ ಪಿ.ಟಿ. ಮೇಷ್ಟ್ರ ಹೆಸರು ಹುಡುಕಿದರೂ ಸಿಗುವುದು ಅಪರೂಪ. ಎಷ್ಟೋ ಶಾಲೆಗಳಲ್ಲಿ ಪಿ.ಟಿ. ಪೀರಿಯಡ್ ಎಂದರೆ ಬೇರೆ ಪಾಠ ಮುಗಿಸಿಕೊಳ್ಳುವ ಹೊತ್ತು. ಕಲಿಸುವವರಿಗೆ ಬೆಲೆ ಇಲ್ಲದ ಕಡೆ ಆಡುವವರು ಎಷ್ಟು ದಿನ ಹುಟ್ಟಿಯಾರು?

ಇನ್ನು ನಮ್ಮ ಊರುಗಳಲ್ಲಿ ಕಬಡ್ಡಿ, ವಾಲಿಬಾಲ್ ಚೆನ್ನಾಗಿ ಆಡಿ ಇಪ್ಪತ್ತೈದಕ್ಕೇ ಮೊಣಕಾಲು ನೋವೆಂದು ಬಿಟ್ಟ ಹುಡುಗರು ಎಷ್ಟಿಲ್ಲ! ಆಡುವುದು ಮುಗಿದರೆ ಆಟವೇ ಮುಗಿಯಿತು ಎಂದುಕೊಂಡಿದ್ದಾರೆ. ಕೋಚ್ ಆಗುವುದೂ ಒಂದು ವಿದ್ಯೆ, ಅದಕ್ಕೂ ಓದು ಇದೆ. ಪಂಜಾಬಿನ ಪಟಿಯಾಲದಲ್ಲಿ 1961ರಿಂದ ರಾಷ್ಟ್ರೀಯ ಕ್ರೀಡಾ ಸಂಸ್ಥೆ ಇದೆ, ಬೇರೆ ಬೇರೆ ಆಟಗಳ ಕೋಚ್‌ಗಳಿಗೆ ಡಿಪ್ಲೊಮಾ ಕೊಡುತ್ತದೆ. ಫುಟ್‌ಬಾಲಿನಲ್ಲಿ ಡಿ, ಸಿ, ಬಿ, ಎ, ಪ್ರೊ ಎಂದು ಕೆಳಗಿನಿಂದ ಮೇಲಕ್ಕೆ ಲೈಸೆನ್ಸ್‌ಗಳಿವೆ. ಡ್ರೈವಿಂಗ್ ಲೈಸೆನ್ಸ್ ಇದ್ದ ಹಾಗೆ: ಬೈಕಿನದ್ದು ಇಟ್ಟುಕೊಂಡು ಲಾರಿ ಓಡಿಸುವಂತಿಲ್ಲ. ಒಂದೊಂದು ಮೆಟ್ಟಿಲಿಗೂ ತರಬೇತಿ, ಪರೀಕ್ಷೆ.

ಚಾಪ್ಮನ್ ಅವರ ಗೋಲುಗಳನ್ನು ಎಣಿಸಬಹುದು, ಕಪ್ಪುಗಳನ್ನು ಎಣಿಸಬಹುದು. ಶಿಲ್ಲಾಂಗಿನಲ್ಲಿ, ಜಮ್ಶೆಡ್‌ಪುರದಲ್ಲಿ, ಕೋಯಿಕ್ಕೋಡಿನಲ್ಲಿ ಅವರ ಸೀಟಿ ಕೇಳಿ ಬೆಳೆದ ಹುಡುಗರ ಲೆಕ್ಕ ಯಾವ ಪುಸ್ತಕದಲ್ಲೂ ಇಲ್ಲ. ಅವರಲ್ಲಿ ಕೆಲವರು ಇಂದು ಬೇರೆ ಹುಡುಗರಿಗೆ ಕಲಿಸುತ್ತಿರಲೂಬಹುದು.

ನಿಮ್ಮ ಊರಿನಲ್ಲಿಯೂ ಹೀಗೆ ಕಲಿಸಿದವರು ಇದ್ದೇ ಇರುತ್ತಾರೆ. ನಿವೃತ್ತರಾದ ಮೇಷ್ಟ್ರಿರಬಹುದು, ಹಳೆಯ ಕಬಡ್ಡಿ ಆಟಗಾರರಿರಬಹುದು. ಮುಂದಿನ ಸಲ ಊರ ತಂಡ ಕಪ್ ಗೆದ್ದು ಬಂದಾಗ ಮೊದಲ ಹಾರ ಅವರ ಕೊರಳಿಗೆ ಹಾಕಿ. ಫೋಟೊದಲ್ಲಿ ನಡುವೆ ಅವರನ್ನು ನಿಲ್ಲಿಸಿ. ಅವರ ಹೆಸರನ್ನು ನಮಗೆ ಬರೆದು ಕಳಿಸಿ, ಅವರ ಕಥೆಯನ್ನೂ ನಾವು ಬರೆಯುತ್ತೇವೆ.